ರೂಪ ಬದಲಿಸುವ ಅಧ್ಯಾಯ

ಮೈದಾ ಅಂಟಿಗೆ ಮೈಲುತುತ್ತ ಬೆರೆಸಿ ಕುದಿಸಿದಾಗ ಏಳುವ ವಾಸನೆ ನಿಮಗೆ ಗೊತ್ತೋ ಇಲ್ಲವೋ. ಹುಳಿ ಬಂದ ಹಿಟ್ಟಿನ ಹಿಂದೆಯೇ ಒಂದು ತಾಮ್ರದ ಕಹಿ. ಮೊನ್ನೆ ದಾದರಿನ ಹಳೆಯ ಗ್ರಂಥಾಲಯವೊಂದರಲ್ಲಿ ಹೊಸದಾಗಿ ರಟ್ಟು ಕಟ್ಟಿಸಿದ ಪುಸ್ತಕ ತೆರೆದೆ. ಆ ವಾಸನೆ ಮುಖಕ್ಕೆ ಬಡಿದು, ಕುರ್ಚಿ ಹುಡುಕಿ ಕೂರಬೇಕಾಯಿತು. ಭಾಂಡುಪಿನ ನಮ್ಮ ಎರಡು ಕೋಣೆಯ ಮನೆ, ಮೂರನೆಯ ಮಹಡಿಯ ಕಂಬಿಯ ಬಾಲ್ಕನಿ, ಅಲ್ಲಿ ಹಳೆಯ ಪಂಚೆಯ ಮೇಲೆ ಒಣಗುತ್ತಿದ್ದ ಸಂಡಿಗೆ, ಮಧ್ಯಾಹ್ನ ಕೂಗುವ ಕಾರ್ಖಾನೆಯ ಭೋಂಗಾ, ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬರುವ ಅಮ್ಮ. ಈಗ ಆ ಬಿಲ್ಡಿಂಗೇ ಇಲ್ಲ. ನೀವೂ ಅಂಥದೊಂದು ಮನೆಯನ್ನು ಕಳೆದುಕೊಂಡವರಾದರೆ, ನಾನು ಹೇಳುವುದು ನಿಮಗೆ ಬೇಗ ತಿಳಿದೀತು.

ಆ ವಾಸನೆ ಇಬ್ರಾಹಿಂ ಕಾಕಾರದು. ಅವರು ಹುಬ್ಬಳ್ಳಿ ಕಡೆಯವರು, ರಟ್ಟು ಕಟ್ಟುವವರು; ರೈಲು ಹಳಿಯ ಆಚೆ ಒಂದು ಅಂಗಡಿ, ಅದರ ಹಿಂದೆಯೇ ಮಲಗುವ ಕೋಣೆ. ಹೆಂಡತಿ, ಹೆಣ್ಣುಮಕ್ಕಳು ಊರಿನಲ್ಲಿ. ಇಲ್ಲಿ ಅವರೂ ಮಗ ನಾಸಿರನೂ ಇಬ್ಬರೇ. ನಮ್ಮ ಅಪ್ಪ ಮೈಸೂರಿನಿಂದ ಬಂದು ಕಾರ್ಖಾನೆಯೊಂದರ ಡ್ರಾಯಿಂಗ್ ಆಫೀಸಿನಲ್ಲಿದ್ದವರು. ಕಾಲೊನಿಯ ಕನ್ನಡಿಗರ ಪುಸ್ತಕದ ಕಪಾಟು ಅವರ ವಶದಲ್ಲಿತ್ತು. ಹರಿದ ಪುಸ್ತಕಗಳನ್ನು ಅವರು ಕಾಕಾರಿಗೇ ಕೊಡುತ್ತಿದ್ದರು, ಬೇರೆಯವರು ಬೆನ್ನಿನ ಕನ್ನಡ ಹೆಸರನ್ನು ತಲೆಕೆಳಗಾಗಿ ಅಂಟಿಸುತ್ತಾರೆಂದು. ಕಾಕಾರ ಎದೆಯವರೆಗಿನ ಗಡ್ಡದಲ್ಲಿ ಯಾವಾಗಲೂ ಒಂದೆರಡು ಹೊಲಿಗೆಯ ದಾರ ಸಿಕ್ಕಿಕೊಂಡಿರುತ್ತಿದ್ದವು. ನಾಸಿರ್ ನನ್ನ ಅಣ್ಣ ಸುಧಿಯ ತರಗತಿಯವನು. ಅವರಿಬ್ಬರಿಗೂ ಆಗ ಹದಿಮೂರು, ನನಗೆ ಹತ್ತು.

ಹಡಗಿನಲ್ಲಿ ಕೆಲಸ ಮಾಡುತ್ತಿದ್ದವರೊಬ್ಬರ ಮಗನಿಂದ ಸುಧಿ ಒಂದು ಇಂಗ್ಲಿಷ್ ಪುಸ್ತಕವನ್ನು ಎರವಲು ತಂದಿದ್ದ. ಅದೊಂದು ಆಟದ ನಿಯಮಗಳ ಪುಸ್ತಕ. ಹಾಸು ಇಲ್ಲ, ಕಾಯಿ ಇಲ್ಲ. ಒಬ್ಬ ಕಥೆ ಹೇಳುತ್ತಾನೆ, ಪಾಳು ಕೋಟೆಯ ಮುಂದೆ ನಿಂತಿದ್ದೀರಿ ಎನ್ನುತ್ತಾನೆ, ಉಳಿದವರು ತಮ್ಮ ತಮ್ಮ ಪಾತ್ರ ಏನು ಮಾಡುತ್ತದೆಂದು ಹೇಳಬೇಕು. ಗೆಲುವು ಸೋಲಿಗೆ ಇಪ್ಪತ್ತು ಮುಖದ ದಾಳ ಬೇಕಿತ್ತು. ಅದು ಎಲ್ಲಿ ಸಿಗಬೇಕು? ಹೌಸಿ ಆಟದ, ಒಂದರಿಂದ ಇಪ್ಪತ್ತರವರೆಗಿನ ಅಂಕಿಯ ಬಿಲ್ಲೆಗಳನ್ನು ಬಿಸ್ಕತ್ ಡಬ್ಬಿಗೆ ಹಾಕಿ ಕುಲುಕಿ ತೆಗೆಯುತ್ತಿದ್ದೆವು. ಪುಸ್ತಕವನ್ನು ಝೆರಾಕ್ಸ್ ಮಾಡಿಸಿ ಮೂಲವನ್ನು ಹಿಂತಿರುಗಿಸಿದ ಮೇಲೆ ಗೊತ್ತಾಯಿತು, ರೂಪ ಬದಲಿಸುವ ವಿದ್ಯೆಯ ಅಧ್ಯಾಯದಲ್ಲಿ ನಡುವಿನ ನಾಲ್ಕು ಹಾಳೆಗಳನ್ನು ಅಂಗಡಿಯವನು ಬಿಟ್ಟುಬಿಟ್ಟಿದ್ದ. ಸುಧಿ ತಲೆ ಚಚ್ಚಿಕೊಂಡ. ನಾಸಿರ್ ಮಾತ್ರ ತನ್ನಪ್ಪನಿಗೆ ಹೇಳಿ, ಆ ಜಾಗದಲ್ಲಿ ಗೆರೆ ಎಳೆದ ನಾಲ್ಕು ಖಾಲಿ ಹಾಳೆ ಸೇರಿಸಿ, ನೀಲಿ ಕ್ಯಾಲಿಕೋ ಬಟ್ಟೆಯ ರಟ್ಟು ಕಟ್ಟಿಸಿಕೊಂಡು ಬಂದ. ಮೊದಲ ಪುಟದಲ್ಲಿ ಮೂವರ ಹೆಸರನ್ನೂ ಬರೆದಿದ್ದ. "ಈ ಖಾಲಿ ಪುಟ ನಾವಽ ಬರೀಬೇಕು" ಎಂದ.

ಆ ನಾಲ್ಕು ಹಾಳೆಗಾಗಿ ನಾವು ಎರಡು ವರ್ಷ ಜಗಳವಾಡಿದೆವು. ಶನಿವಾರ ಮಧ್ಯಾಹ್ನ ಅಮ್ಮ ಅವಲಕ್ಕಿ ಕಲಸಿಟ್ಟು ಒರಗಿದರೆ ಬಾಲ್ಕನಿಯಲ್ಲಿ ನಮ್ಮ ನ್ಯಾಯಾಲಯ ಶುರು. ಹಕ್ಕಿಯಾದವನ ಬಟ್ಟೆ ಏನಾಗುತ್ತದೆ? ಇಲಿಯಾದಾಗ ಕಾಲು ಮುರಿದರೆ ಮನುಷ್ಯನಾದ ಮೇಲೂ ಕುಂಟಬೇಕೇ? ಬಾಯಿ ಕೊಕ್ಕಾದವನು ಮಂತ್ರ ಹೇಗೆ ಹೇಳಿಯಾನು?

"ಅರೇ ಯಾರ್, ಹುಲಿ ಆದ್ಮೇಲೆ ಫುಲ್ ಹುಲಿ. ಲಿಮಿಟ್ ಯಾಕೆ?" ಎನ್ನುತ್ತಿದ್ದ ಸುಧಿ.

"ಮಿತಿ ಇಲ್ಲಂದ್ರ ಆಟ ಎಲ್ಲೈತಿ? ಮೈ ಬದಲಾಗ್ತೈತಿ, ಬುದ್ಧಿ ಅದಽ ಇರ್ತೈತಿ. ಆದ್ರ ಭಾಳ ದಿನ ಹಂಗಽ ಇದ್ರ ಬುದ್ಧಿನೂ ಜಾರ್ತೈತಿ."

ಕೊನೆಗೆ ನಾಸಿರನ ಮಾತೇ ನಿಂತಿತು. ಬೇರೆ ರೂಪದಲ್ಲಿ ಕಳೆದ ಪ್ರತಿ ಬೆಳಗ್ಗೆ ಒಂದು ಬಿಲ್ಲೆ ತೆಗೆಯಬೇಕು. ಐದಕ್ಕಿಂತ ಕಡಿಮೆ ಬಂದರೆ ತನ್ನ ಬಗ್ಗೆ ಒಂದು ಸಂಗತಿ ಮರೆಯಬೇಕು. ಯಾವುದನ್ನೆಂದು ಆಡುವವರೇ ಹೇಳಬೇಕು. ನನ್ನ ಪಾತ್ರ ಕಾಗೆಯಾಗಿ ಆರು ದಿನ ಹಾರಿ, ಊರಿನ ಹೆಸರನ್ನೂ ಕೊನೆಗೆ ತಾಯಿಯ ಮುಖವನ್ನೂ ಮರೆತಾಗ ನಾನು ನಿಜಕ್ಕೂ ಅತ್ತುಬಿಟ್ಟೆ. ಅಮ್ಮ ಎದ್ದು ಬಂದು, "ಆಟಕ್ಕೆಲ್ಲಾ ಅಳ್ತಾರೇನೇ ವಾಣಿ?" ಎಂದು ಗದರಿದಳು. ನಾಸಿರ್ ನಿಯಮ ಸಡಿಲಿಸಲಿಲ್ಲ. ತನ್ನ ಪಾಲಿನ ಅವಲಕ್ಕಿಯನ್ನು ನನ್ನ ತಟ್ಟೆಗೆ ಸುರಿದ, ಅಷ್ಟೆ.

ತೊಂಬತ್ಮೂರರ ಜನವರಿ. ಡಿಸೆಂಬರಿನ ಕೋಮುಗಲಭೆಯಲ್ಲಿ ಹೊತ್ತಿದ್ದ ಊರು ತಣ್ಣಗಾಯಿತೆಂದು ದೊಡ್ಡವರು ನಂಬಲು ಹೊರಟಿದ್ದ ದಿನಗಳು. ಆ ಮಧ್ಯಾಹ್ನ ನಾವು ಆಡುತ್ತಿದ್ದಾಗ ಅಪ್ಪ ಹೊತ್ತಿಗೆ ಮುಂಚೆಯೇ ಬಂದರು. ಲೋಕಲ್ ನಿಂತಿತ್ತು; ಹಳಿಯ ಮೇಲೆ ನಡೆದುಕೊಂಡೇ ಬಂದಿದ್ದರು, ಬೂಟಿನ ತುಂಬ ಜಲ್ಲಿಯ ಧೂಳು. ಬಾಲ್ಕನಿಯಿಂದ ಹಳಿಯ ಆಚೆ ಹೊಗೆ ಕಾಣುತ್ತಿತ್ತು. ನಾಸಿರ್ ಚಪ್ಪಲಿ ಮೆಟ್ಟಲು ಹೋದ. ಅಪ್ಪ ಅವನ ತೋಳು ಹಿಡಿದರು. "ಈಗ ಬೇಡಪ್ಪ. ಈಗ ಅಲ್ಲಿಗೆ ಹೋಗೋ ಹಾಗಿಲ್ಲ."

ಸಂಜೆಗೆ ಗೇಟಿನಲ್ಲಿ ಹುಡುಗರು ಕೂಡಿದರು, ಒಬ್ಬನ ಕೈಯಲ್ಲಿ ಹೆಸರುಗಳ ಚೀಟಿಯಿತ್ತು. ಮನೆಮನೆಗೂ ಬರುತ್ತಿದ್ದಾರೆಂದು ಕೆಳಗಿನಿಂದ ಸುದ್ದಿ ಬಂತು. ಅಮ್ಮ ದೇವರ ಮುಂದಿನ ವಿಭೂತಿ ಬಟ್ಟಲು ತಂದು ನಾಸಿರನ ಎದುರು ನಿಂತಳು. "ಹಚ್ಚಲೇನೋ? ನಿಂಗೆ ಬೇಡಾಂದ್ರೆ ಬೇಡ" ಎಂದಳು. ಅವನು ಕಣ್ಣು ಮುಚ್ಚಿ ಹಣೆ ಮುಂದೆ ಮಾಡಿದ. "ನೀನು ಧಾರವಾಡದ ನಮ್ಮಕ್ಕನ ಮಗ. ನಾಗೇಶ. ಮಾತು ನಿಂದೇ ಇರ್ಲಿ, ನಮ್ಮ ಹಾಗೆ ಆಡೋಕೆ ಹೋಗ್ಬೇಡ."

ಹುಡುಗರ ಜೊತೆ ನೆಲಮಹಡಿಯ ಮರಾಠಿ ಮಾವಶಿಯೂ ಮೆಟ್ಟಿಲು ಹತ್ತಿ ಬಂದಿದ್ದರು. ವಿಧವೆ, ದಪ್ಪ ಕನ್ನಡಕದವರು. ನಾವು ಮೂವರು ಮೆಟ್ಟಿಲಲ್ಲಿ ಓಡಿದರೆ ಬೈಯುವವರು. ಚೀಟಿಯವನು ನಾಸಿರನನ್ನು ನೋಡಿ, "ಹಾ ಕೋಣ?" ಎಂದ, ಇವನು ಯಾರೆಂದು. ಅಮ್ಮ ತನ್ನ ಹರಕು ಮರಾಠಿಯಲ್ಲಿ ಅಕ್ಕನ ಮಗ ಎಂದಳು. "ನಾವ್ ಕಾಯ್ ರೇ?" ಎಂದು ಅವನನ್ನೇ ಹೆಸರು ಕೇಳಿದರು. "ನಾಗೇಶ" ಎಂದ ನಾಸಿರ್. ಹುಡುಗ ಮಾವಶಿಯ ಕಡೆ ತಿರುಗಿದ. ಅವರು ಕಣ್ಣು ಕಿರಿದು ಮಾಡಿ ನೋಡಿ, "ಹೋ, ನಾಗೇಶ. ಸುಟ್ಟೀಲಾ ಆಲಾಯ್" ಎಂದರು, ಹೌದು, ರಜೆಗೆ ಬಂದಿದ್ದಾನೆ ಎಂದು. ಬಾಗಿಲು ಹಾಕಿ ಅಮ್ಮ ಮೇಲಿನ ಅಗುಳಿಯನ್ನೂ ಸರಿಸಿದಳು. "ಮಾವಶಿ ಕನ್ನಡಕ ಹಾಕಿರ್ಲಿಲ್ಲ, ನಮ್ಮ ಪುಣ್ಯ" ಎಂದಳು. ನಾವೂ ಹಾಗೆಯೇ ನಂಬಿದೆವು.

ಮರುದಿನ ಬೆಳಗ್ಗೆ ಅಪ್ಪ ತಗ್ಗಿದ ದನಿಯಲ್ಲಿ, ಅವನ ಹೆಸರಿರುವುದು ಮನೆಯಲ್ಲಿ ಏನೂ ಇರಬಾರದು ಎಂದರು. ನೀಲಿ ಪುಸ್ತಕ ನನ್ನ ಹಾಸಿಗೆಯ ಕೆಳಗಿತ್ತು. ಅದು ಅಲ್ಲಿದೆಯೆಂದು ನನ್ನೊಬ್ಬಳಿಗೇ ಗೊತ್ತಿತ್ತು. ಮೊದಲ ಪುಟವೊಂದನ್ನು ಹರಿದುಕೊಟ್ಟಿದ್ದರೆ ಸಾಕಿತ್ತು. ಹೆದರಿಕೆಯಲ್ಲಿ ನಾನು ಇಡೀ ಪುಸ್ತಕವನ್ನೇ ಒಯ್ದು ಕೊಟ್ಟೆ. ಅಪ್ಪ ಅದನ್ನು ಬಚ್ಚಲಿನ ಬಕೆಟ್ಟಿನ ನೀರಿನಲ್ಲಿ ಮುಳುಗಿಸಿದರು. ಅಂಟು ಬಿಟ್ಟು ಹಾಳೆಗಳು ಒಂದೊಂದಾಗಿ ಏಳುತ್ತಿದ್ದಾಗ ನಾಸಿರ್ ಮುಖ ತೊಳೆಯಲು ಬಂದ. ಬಕೆಟ್ಟನ್ನು ನೋಡಿದ, ಅಪ್ಪನನ್ನು ನೋಡಿದ. ನಲ್ಲಿ ತಿರುಗಿಸಿ ಹಣೆಗೆ ನೀರು ತಾಗದಂತೆ ಎಚ್ಚರದಿಂದ ಮುಖ ತೊಳೆದುಕೊಂಡು ಹೋದ.

ಇನ್ನೊಂದು ತಪ್ಪನ್ನೂ ಹೇಳಿಬಿಡುತ್ತೇನೆ. ಮೂರನೆಯ ಬೆಳಗ್ಗೆ, ಅವನನ್ನು ನಗಿಸಬೇಕೆಂದೋ ಏನೋ, ಬಿಸ್ಕತ್ ಡಬ್ಬಿ ಕುಲುಕುತ್ತ, "ನಾಗೇಶ, ಬೆಳಗಾಯ್ತು, ಬಿಲ್ಲೆ ತೆಗಿ" ಎಂದೆ. ಅವನು ಡಬ್ಬಿಯ ಮೇಲೆ ಕೈಯಿಟ್ಟು ನಿಲ್ಲಿಸಿದ. "ನಮ್ಮಪ್ಪ ಅದಾನೋ ಇಲ್ಲೋ ಗೊತ್ತಿಲ್ಲ ವಾಣಿ" ಎಂದ. ಸುಧಿ ಡಬ್ಬಿಯನ್ನು ಕಿತ್ತುಕೊಂಡು ಅಟ್ಟದ ಮೇಲೆಸೆದ. ಆ ಮನೆಯಲ್ಲಿ ನಾವು ಮತ್ತೆಂದೂ ಆ ಆಟ ಆಡಲಿಲ್ಲ.

ಏಳನೆಯ ದಿನ ಮಧ್ಯಾಹ್ನ ಅಪ್ಪ ಇಬ್ರಾಹಿಂ ಕಾಕಾರನ್ನು ಕರೆತಂದರು. ನಿರಾಶ್ರಿತರನ್ನು ಇರಿಸಿದ್ದ ಶಾಲೆಯೊಂದರಲ್ಲಿ, ಎರಡು ದಿನ ಅಲೆದು ಹುಡುಕಿದ್ದರು. ಬಾಗಿಲಲ್ಲಿ ನಿಂತವರನ್ನು ನಾನು ಗುರುತಿಸಲೇ ಇಲ್ಲ. ಯಾರದೋ ದೊಗಲೆ ಪ್ಯಾಂಟು, ಗಡ್ಡ ತೆಗೆದ ಮುಖ. ಬಿಸಿಲು ಕಂಡಿರದ ಆ ಕೆನ್ನೆಗಳು ಕಾಯಿಲೆ ಬಿದ್ದವರ ಹಾಗೆ ಬಿಳಚಿಕೊಂಡಿದ್ದವು. ನಾಸಿರ್ ಎರಡು ಹೆಜ್ಜೆ ಹಿಂದೆ ಸರಿದ.

"ನಾನಽ ಅದೀನೋ. ನಿಮ್ಮಪ್ಪ" ಎಂದರು ಕಾಕಾ. ಮೆಟ್ಟಿಲಲ್ಲಿ ಯಾರದೋ ಹೆಜ್ಜೆ ಕೇಳಿಸಿತು. ದಾರಿಯಲ್ಲಿ ಅಪ್ಪ ಹೇಳಿಕೊಟ್ಟಿದ್ದಂತೆ ಅವರು ದನಿ ಎತ್ತರಿಸಿ, "ನಡಿಯೋ ನಾಗೇಶ, ಊರಿಗೆ ಹೋಗೂಣು" ಎಂದರು. ನಾಸಿರ್ ಮುಂದೆ ಬಂದು ತನ್ನಪ್ಪನ ಗಲ್ಲವನ್ನು ಮುಟ್ಟಿ ಮುಟ್ಟಿ ನೋಡಿದ. ಆಮೇಲೆ ಅಲ್ಲಿಯೇ, ಅಷ್ಟು ದಿನ ಅಳದವನು, ಶಬ್ದವಿಲ್ಲದೆ ಅತ್ತ.

ಅಂಗಡಿ ಪೂರ್ತಿ ಸುಟ್ಟುಹೋಗಿತ್ತು. ಅಮ್ಮ ಚಪಾತಿ, ಚಟ್ನಿಪುಡಿ ಕಟ್ಟಿಕೊಡುತ್ತಿದ್ದಾಗ ಕಾಕಾ ಅಪ್ಪನಿಗೆ ಕೈ ಮುಗಿದರು. "ನಿಮ್ಮ ಮೂರು ಪುಸ್ತಕ ನನ್ ಕಡೆ ಇದ್ವು. ಉಳಿಸಾಕ ಆಗ್ಲಿಲ್ರಿ ಸಾಹೇಬ್ರ." ಅಪ್ಪ ಆ ಮುಗಿದ ಕೈಗಳನ್ನು ಹಿಡಿದು ಕೆಳಗಿಳಿಸಿದರು. ನಾಸಿರ್ ಆ ಕಡೆ ಗೋಡೆ ನೋಡುತ್ತಿದ್ದ.

ಎರಡು ತಿಂಗಳ ಮೇಲೆ ಹುಬ್ಬಳ್ಳಿಯಿಂದ ಸುಧಿಗೆ ಒಂದು ಕಾರ್ಡು ಬಂತು. ಕ್ಷೇಮವಾಗಿದ್ದೇವೆ, ಪುಸ್ತಕ ಒಣಗಿಸಿ ಇಟ್ಟಿದ್ದರೆ ನಡುವಿನ ನಾಲ್ಕು ಹಾಳೆಗಳನ್ನಷ್ಟು ಕಳಿಸು ಎಂದಿತ್ತು. ಸುಧಿ ಅದನ್ನು ಅಪ್ಪನಿಗೆ ಕೊಟ್ಟ, ಅಪ್ಪ ಅಂಗಿಯ ಜೇಬಿಗಿಟ್ಟುಕೊಂಡರು. ಏನು ಬರೆಯಬೇಕೆಂದು ಯಾರಿಗೂ ತಿಳಿಯಲಿಲ್ಲ. ನಾಳೆ, ನಾಡಿದ್ದು ಎನ್ನುತ್ತಿರುವಾಗಲೇ ಕಾರ್ಡು ಎಲ್ಲೋ ಕಳೆದುಹೋಯಿತು.

ಆದರೆ ನಾಗೇಶ ನಮ್ಮ ಬಿಲ್ಡಿಂಗಿನಲ್ಲಿ ಬದುಕಿಕೊಂಡ. ನಲ್ಲಿಯ ಸಾಲಿನಲ್ಲಿ, ಗಣಪತಿಯ ಮಂಟಪದಲ್ಲಿ ಸಿಕ್ಕಾಗಲೆಲ್ಲ ಮಾವಶಿ ಅಮ್ಮನನ್ನು ಕೇಳುವರು, ನಾಗೇಶ ಹೇಗಿದ್ದಾನೆ? ಅಮ್ಮ ಹತ್ತನೆಯದು ಪಾಸಾದ ಎಂದಳು. ಆಮೇಲೆ ಡಿಪ್ಲೊಮಾ ಸೇರಿದ ಎಂದಳು. ಒಂದು ವರ್ಷ ಅವನಿಗೆ ಕೆಲಸ ಕೊಡಿಸಿದಳು, ಇನ್ನೊಂದು ವರ್ಷ ಮದುವೆ ಮಾಡಿಸಿದಳು. ಮೇಲೆ ಬಂದು ಬಾಗಿಲು ಹಾಕಿಕೊಂಡು, "ಪಾಪ, ಅವರನ್ನ ಹೀಗೆ ಏಮಾರಿಸ್ತಿದ್ದೀನಿ" ಎನ್ನುವಳು. ಯಾವ ಪರೀಕ್ಷೆ, ಯಾವ ಕೆಲಸ ಎಂದು ನಾವು ಅವಳನ್ನು ಕೇಳಲಿಲ್ಲ.

ಅಪ್ಪ ಹೋದ ಮೇಲೆ ಅಮ್ಮ ಆರು ವರ್ಷ ಇದ್ದಳು. ಅವಳು ತೀರಿಕೊಂಡ ದಿನ ಬೆಳಗ್ಗೆ ಮಾವಶಿಯನ್ನು ಇಬ್ಬರು ಹಿಡಿದುಕೊಂಡು ಮೂರು ಮಹಡಿ ಹತ್ತಿಸಿದರು. ಕಣ್ಣು ಪೂರ್ತಿ ಮಂಜಾಗಿತ್ತು. ಅಮ್ಮನ ಪಾದ ತಡವಿ, ನನ್ನ ಪಕ್ಕ ನೆಲದ ಮೇಲೆ ಕೂತು, ನನ್ನ ಕೈಯನ್ನು ತಮ್ಮ ಮಡಿಲಲ್ಲಿಟ್ಟುಕೊಂಡರು. ಜನ ಬಂದು ಹೋಗುತ್ತಿದ್ದರು. ಬಹಳ ಹೊತ್ತಿನ ಮೇಲೆ ಅವರು ನನ್ನ ಕಿವಿಯ ಹತ್ತಿರ ಬಾಗಿ, ಬೇರೆಯವರಿಗೆ ಕೇಳದಂತೆ, ಮೆಲ್ಲಗೆ ಕೇಳಿದರು:

"ನಾಸಿರ್‌ಲಾ ಕಳವಲಂಸ್ ಕಾ?" ನಾಸಿರನಿಗೆ ತಿಳಿಸಿದೆಯಾ?