ಪಾಳು ಪಂಗಾರ

ಮಹಡಿ ಮನೆಯ ಮಾಮನ ಎರಡು ಹುಬ್ಬುಗಳು ಒಟ್ಟಿಗೆ ಏಳುತ್ತಿರಲಿಲ್ಲ. ಸಿನಿಮಾ ಸಂಭಾಷಣೆ ಬರೆಯುವಾಗ ಗಂಡಸಿನ ಮಾತಿಗೆ ಬಲಹುಬ್ಬು, ಹೆಂಗಸಿನ ಮಾತಿಗೆ ಎಡಹುಬ್ಬು. ಮದರಾಸಿನ ವೆಸ್ಟ್ ಮಾಂಬಲಂನ ನಮ್ಮ ಓಣಿಯಲ್ಲಿ ಅದನ್ನು ನೋಡಿ ನಗದವಳು ನಾನೊಬ್ಬಳೇ. ಇಪ್ಪತ್ತೆರಡಕ್ಕೆ ಗಂಡನನ್ನು ಕಳೆದುಕೊಂಡು ತವರಿಗೆ ಬಂದಿದ್ದೆ.

ಆಗ ಕನ್ನಡ ಚಿತ್ರಗಳು ಹೆಚ್ಚಾಗಿ ಮದರಾಸಿನ ಸ್ಟುಡಿಯೋಗಳಲ್ಲೇ ತಯಾರಾಗುತ್ತಿದ್ದವು. ಕಥೆ ಯಾರದೋ, ನಡುನಡುವೆ ಸೇರಿಸುವ ಹಾಸ್ಯದ ಭಾಗ, ಕಾಮಿಡಿ ಟ್ರ್ಯಾಕು, ಮಾಮನದು. ಆದರೆ ಚಿತ್ರ ಬಿಡುಗಡೆಯಾಗುವುದು ಬೆಂಗಳೂರು, ಮೈಸೂರಿನಲ್ಲಿ. ಅಷ್ಟು ಹೊತ್ತಿಗೆ ಇವರಿಗೆ ಇನ್ನೊಂದು ಶೂಟಿಂಗು. "ಹನ್ನೆರಡು ವರ್ಷದಿಂದ ಜನಾನ ನಗಿಸ್ತಾ ಇದೀನಂತೆ. ಒಂದು ಸಲಾನೂ ಆ ನಗು ನನ್ನ ಕಿವಿಗೆ ಬಿದ್ದಿಲ್ಲ," ಎನ್ನುತ್ತಿದ್ದರು.

"ಹಿಂಗೆ ಗೋಡೆ ನೋಡ್ತಾ ಕೂತ್ರೆ ಗೋಡೆಗೂ ಬೇಜಾರಾಗತ್ತೆ ಕಣಮ್ಮಾ," ಎಂದು ಒಂದು ದಿನ ನನ್ನ ಮುಂದೆ ಕಾಗದದ ಕಟ್ಟು ಹಾಕಿದರು. ಕನ್ನಡ ಓದಲು ಬಾರದ ತಮಿಳು ನಟರಿಗೆ ಸಂಭಾಷಣೆಯನ್ನು ತಮಿಳು ಅಕ್ಷರದಲ್ಲಿ ಬರೆದುಕೊಡುವ ಕೆಲಸ. ತಮಿಳಿನಲ್ಲಿ ಪ, ಬ ಎರಡಕ್ಕೂ ಒಂದೇ ಅಕ್ಷರ. ಬ ಬರುವಲ್ಲಿ ಅಡಿಗೆರೆ ಎಳೆಯಬೇಕು. ಒಂದು ಮದುವೆಯ ದೃಶ್ಯದಲ್ಲಿ ಮರೆತೆ. ಅಡುಗೆಭಟ್ಟನ ಪಾತ್ರದವನು ಮದುಮಗಳಿಗೆ "ನಿನ್ನ ಬಾಳು ಬಂಗಾರ ಆಗಲಿ" ಎನ್ನುವ ಬದಲು "ನಿನ್ನ ಪಾಳು ಪಂಗಾರ ಆಗಲಿ" ಎಂದು ಹರಸಿಬಿಟ್ಟನಂತೆ.

ಸಂಜೆ ಮಾಮ ಬಂದು ಹೇಳಿದಾಗ ನನ್ನ ಜೀವವೇ ಹಾರಿಹೋಯಿತು. ಅವರೋ ಮೆಟ್ಟಿಲ ಮೇಲೇ ಹೊಟ್ಟೆ ಹಿಡಿದುಕೊಂಡು ಕೂತಿದ್ದರು. "ಪ್ರಮಾದಂ ಕಣೇ! ಇಡೀ ಪಾತ್ರಾನೇ ಹಿಂಗೆ ಮಾತಾಡ್ಲಿ!" ತಮಿಳಿನಲ್ಲಿ ಪ್ರಮಾದಂ ಎಂದರೆ ಅದ್ಭುತ, ಕನ್ನಡದಲ್ಲಿ ತಪ್ಪು. ನನಗೂ ನಗು ತಡೆಯಲಾಗಲಿಲ್ಲ. ಗಂಡ ಹೋದ ಮೇಲೆ ನಾನು ನಕ್ಕದ್ದು ಅದೇ ಮೊದಲು. ನನ್ನ ನಗು ಕೇಳಿ ಒಳಗೆ ಅಮ್ಮ ಅತ್ತಳು.

ಆ ಚಿತ್ರವನ್ನು ಇಲ್ಲಿನ ಕನ್ನಡಿಗರು ಒಂದು ಭಾನುವಾರ ಬೆಳಗಿನ ಆಟಕ್ಕೆ ತರಿಸಿದರು. ಆದರೆ ಮಾಮ ಎದೆಯ ಕಾಯಿಲೆಯಿಂದ ಆಸ್ಪತ್ರೆ ಸೇರಿದ್ದರು. "ನೀನು ಹೋಗು. ಎಲ್ಲೆಲ್ಲಿ ನಕ್ರು, ಎಷ್ಟು ಹೊತ್ತು ನಕ್ರು, ಬಂದು ಹೇಳು."

ಹೋದೆ. ಮದುವೆ ಬಂತು, ತಾಳಿ ಕಟ್ಟಿದ್ದೂ ಆಯಿತು. ಅಡುಗೆಭಟ್ಟ ಬರಲೇ ಇಲ್ಲ. ಆಟ ಮುಗಿದ ಮೇಲೆ ಚಿತ್ರದ ಮ್ಯಾನೇಜರನ್ನು ಹಿಡಿದು ಕೇಳಿದೆ. "ಮದ್ವೆ ಸೀನಲ್ಲಿ ಪಾಳು ಅಂದ್ರೆ ಅಪಶಕುನ ಅಂದ್ಬಿಟ್ರಮ್ಮ ವಿತರಕರು. ಆ ಪಾತ್ರಾನೇ ಪೂರಾ ಕಟ್." ನಾನು ಎಳೆಯದ ಒಂದು ಗೆರೆ ಮಾಮನ ಅಷ್ಟೂ ಬರವಣಿಗೆಯನ್ನು ನುಂಗಿಹಾಕಿತ್ತು.

ಆಸ್ಪತ್ರೆಯಲ್ಲಿ ನಗುನಗುತ್ತ ಸುಳ್ಳು ಹೇಳಿದೆ. "ಪಾಳು ಪಂಗಾರಕ್ಕಂತೂ ಮುಂದಿನ ಮಾತೇ ಕೇಳಿಸ್ಲಿಲ್ಲ ಮಾಮಾ, ಆ ಪಾಟಿ ನಕ್ರು." ಕಣ್ಣು ಮುಚ್ಚಿಕೊಂಡು ಎಲ್ಲ ಕೇಳಿಸಿಕೊಂಡರು. ಆಮೇಲೆ ಮೆಲ್ಲಗೆ, "ಬೆಳಿಗ್ಗೆ ನೀನು ಆ ಕಡೆ ಹೋದ್ಮೇಲೆ ನಿರ್ಮಾಪಕರು ಬಂದಿದ್ರು. ಕತ್ತರಿಸಿದ್ದಕ್ಕೆ ಕ್ಷಮಿಸಿ ಅಂದು ಹೋದ್ರು," ಎಂದರು.

ಮಂಚದ ಸರಳು ಹಿಡಿದುಕೊಂಡು ಅತ್ತೆ.

"ಅಳ್ಬೇಡ ಕಣೇ. ಇನ್ನೊಂದ್ಸಲ ಹೇಳು, ಎಲ್ಲೆಲ್ಲಿ ನಕ್ರು?"

ಮೊದಲಿನಿಂದ ಹೇಳಿದೆ. ಆರನೆಯ ದಿನ ಅವರು ತೀರಿಕೊಳ್ಳುವವರೆಗೂ ದಿನಾ ಹೇಳಿದೆ. ದಿನದಿಂದ ದಿನಕ್ಕೆ ಜನ ಹೆಚ್ಚು ಹೊತ್ತು ನಕ್ಕರು.