ನಗದ ಹಾವು

ಬಾತಿ ಊರಿನ ನಮ್ಮ ಮನೆಯ ಹಿತ್ತಲಿನಲ್ಲಿ ಐದು ವರ್ಷದ ಮಗಳು ಗೌರಿ ಇಟ್ಟಿಗೆ ರಾಶಿಯ ಮುಂದೆ ಕುಕ್ಕರಗಾಲಲ್ಲಿ ಕೂತಿದ್ದಳು. ಬಟ್ಟೆ ಒಣಹಾಕಲು ಹೋದ ನಾನು ನೋಡಿದರೆ, ಅವಳಿಂದ ಒಂದು ಮಾರು ದೂರದಲ್ಲಿ ನಾಗರಹಾವು ಹೆಡೆ ಎತ್ತಿತ್ತು. ಬಕೆಟ್ ಅಲ್ಲೇ ಬಿಟ್ಟು ಓಡಿ, ಅವಳ ರಟ್ಟೆ ಹಿಡಿದು ಎಳೆದುಕೊಂಡೆ. ಹಾವು ಇಟ್ಟಿಗೆ ಸಂದಿಗೆ ಸರಿಯಿತು. ಒಳಗೆ ಬಂದವಳೇ ಮಗಳ ಬೆನ್ನಿಗೆ ಎರಡು ಬಾರಿಸಿದೆ.

“ಅದರ ಹತ್ರ ಯಾಕ ಹೋದಿ?” ಎಂದೆ.

“ಬುಕ್ಕಿನಾಗಿನ ಹಾವು ನಗ್ತೈತಲ್ಲಮ್ಮ. ಇದು ಯಾಕ ನಗವಲ್ದು ಅಂತ ನೋಡ್ತಿದ್ದೆ,” ಎಂದು ಬಿಕ್ಕಿದಳು.

ಆ ಚಿತ್ರಪುಸ್ತಕವನ್ನು ದಿನಾ ಓದಿ ಹೇಳುತ್ತಿದ್ದವಳು ನಾನೇ. ಹಾವು, ಹಲ್ಲಿ, ಓತಿಕ್ಯಾತ ಎಲ್ಲವೂ ಅದರಲ್ಲಿ ಹಲ್ಲು ಬಿಟ್ಟು ನಗುತ್ತವೆ. ಮಗು ಹೆದರದಿರಲಿ ಎಂದೇ ಆರಿಸಿ ತಂದಿದ್ದೆ.

ಹಾವು ಹಿಡಿಯುವವರು ಬಂದು ಅದನ್ನು ಒಯ್ದು ತಿಂಗಳಾಯಿತು. ಗೌರಿ ಈಗ ಗೋಡೆಯ ಮೇಲೆ ಹಲ್ಲಿ ಕಂಡರೂ ನಡುಗುತ್ತಾಳೆ, ಆ ಪುಸ್ತಕವನ್ನು ಮುಟ್ಟುವುದಿಲ್ಲ. ಆ ಹೆದರಿಕೆಯನ್ನು ಅವಳೊಳಗೆ ಕೂರಿಸಿದ್ದು ನನ್ನ ಕೈ. ಹಾವಿನಿಂದ ದೂರ ಇರು, ಆದರೆ ಹಲ್ಲಿಗೆ ಹೆದರಬೇಡ ಎಂದು ಅವಳಿಗೆ ಹೇಗೆ ಹೇಳುವುದೆಂದು ದಿನವೂ ಯೋಚಿಸುತ್ತೇನೆ.