ಬೆಂಕಿಯೂ ಸರಿ, ಮಂಜೂ ಸರಿ

ತೊಳೆದು, ಕಟ್ಟಿ, ಉಗಿಯಲ್ಲಿ ಬೇಯಿಸಿ ಮೇಲಕ್ಕೆ ಕಳಿಸಿದ್ದ ಗಂಟು ಮಧ್ಯಾಹ್ನದ ಹೊತ್ತಿಗೆ ವಾಪಸು ಬಂತು. ಹಸಿರು ಬಟ್ಟೆ ಬಿಚ್ಚಿಕೊಂಡಿತ್ತು. ಒಳಗಿನ ಕತ್ತರಿ, ಚಿಮಟಗಳಲ್ಲಿ ಒಂದೂ ಬಳಕೆಯಾಗಿರಲಿಲ್ಲ. ಆಪರೇಷನ್ ಥಿಯೇಟರಿನಲ್ಲಿ ಯಾರೋ ಬೇರೆ ಗಂಟೆಂದುಕೊಂಡು ಬಿಚ್ಚಿದ್ದರು, ಇದಲ್ಲವೆಂದು ಗೊತ್ತಾದ ಮೇಲೆ ಪಕ್ಕಕ್ಕೆ ತಳ್ಳಿದ್ದರು. ಒಮ್ಮೆ ಬಿಚ್ಚಿದ ಮೇಲೆ ಮುಗಿಯಿತು. ಮತ್ತೆ ತೊಳೆಯುವುದರಿಂದ ಶುರು.

ಆಸ್ಪತ್ರೆಯ ನೆಲಮಾಳಿಗೆಯಲ್ಲಿ ಉಪಕರಣಗಳನ್ನು ಉಗಿಯಲ್ಲಿ ಶುದ್ಧ ಮಾಡುವ ಕೋಣೆಯಲ್ಲಿ, ಆ ಗಂಟು ಕಟ್ಟಿದವಳನ್ನು ಎಲ್ಲರೂ ಕಡ್ಡಿ ಎನ್ನುತ್ತಾರೆ. ಅದು ಮೈಕಟ್ಟಿಗೆ ಬಂದ ಹೆಸರಲ್ಲ. ಕಡ್ಡಿ ಮುರಿದ ಹಾಗೆ ಮಾತಾಡುತ್ತಾಳೆ, ಅದಕ್ಕೆ ಬಂದದ್ದು. ಅವಳು ಗೋಡೆಯ ಫೋನೆತ್ತಿ ಥಿಯೇಟರಿಗೆ ಹಚ್ಚಿದಳು.

"ಗಂಟಿನ ಮೇಲೆ ಚೀಟಿ ಅಂಟಿಸಿರ್ತೀವಿ. ಅದನ್ನ ಓದೋಕೆ ನಿಮಗೆ ಏನು ಕಷ್ಟ? ಇಲ್ಲಿ ನಾವು ಮೂರು ಹೊತ್ತೂ ಉಗೀಲಿ ಬೇಯ್ತಾ ಇರೋದು ನೀವು ಬಿಚ್ಚಿ ಬಿಚ್ಚಿ ನೋಡ್ಲಿ ಅಂತಲ್ಲ."

ಫೋನನ್ನು ಕುಕ್ಕಿ ಇಟ್ಟಳು. ಪಕ್ಕದ ಮೇಜಿನಲ್ಲಿ ಬಟ್ಟೆ ಮಡಿಸುತ್ತಿದ್ದ ಹಿರಿಯಳನ್ನು ಎಲ್ಲರೂ ದೊಡ್ಡಕ್ಕ ಎನ್ನುವುದು. ಆಕೆ ತಲೆ ಎತ್ತದೆಯೇ ನಕ್ಕಳು.

"ಇರೋ ಸಿಟ್ಟೆಲ್ಲಾ ಇಲ್ಲೇ ಖರ್ಚು ಮಾಡ್ಬೇಡ್ವೇ ತಾಯಿ. ಇವತ್ತು ಶುಕ್ರವಾರ. ಸಂಜೆ ಗಂಡನ ಜೊತೆ ರಾಕ್ಷಸನ್ನ ಹೊಡೀಬೇಕಲ್ಲ."

"ರಾಕ್ಷಸ ಪಾಪದವನು ದೊಡ್ಡಕ್ಕಾ. ನಿಂತ ಕಡೆ ನಿಂತಿರ್ತಾನೆ. ಗಂಡನ್ನ ಸಂಭಾಳಿಸೋದೇ ಕಷ್ಟ."

ಗಂಡ ಇರುವುದು ಒಂದು ರಾತ್ರಿಯ ರೈಲು ಪ್ರಯಾಣದಷ್ಟು ದೂರದ ಬಂದರಿನಲ್ಲಿ. ಅಲ್ಲಿ ಕ್ರೇನ್ ನಡೆಸುತ್ತಾನೆ. ಹೋದ ಮೊದಲ ತಿಂಗಳುಗಳಲ್ಲಿ ದಿನಾ ಫೋನ್ ಮಾಡುತ್ತಿದ್ದ. ಊಟ ಆಯಿತಾ, ಅಮ್ಮ ಹೇಗಿದ್ದಾಳೆ, ಸರಿ ಇಡ್ತೀನಿ. ಮಾತು ಮೂರು ವಾಕ್ಯಕ್ಕೆ ಬತ್ತಿ ಹೋಗುತ್ತಿತ್ತು. ಒಂದು ರಜೆಯಲ್ಲಿ ಬಂದವನು ಆಟದ ಯಂತ್ರವೊಂದನ್ನು ತಂದು ಟಿವಿಗೆ ಜೋಡಿಸಿದ. ಅಂಥದೇ ಇನ್ನೊಂದು ಅವನ ಕೋಣೆಯಲ್ಲಿತ್ತು. ಇಬ್ಬರೂ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಒಂದೇ ಕಾಡಿನಲ್ಲಿ, ಒಂದೇ ಹಾಳು ಕೋಟೆಯಲ್ಲಿ ಜೊತೆಯಾಗಿ ನಡೆಯಬಹುದು ಎಂದು ತೋರಿಸಿಕೊಟ್ಟ. ಅವಳಿಗೆ ಮೊದಲು ನಗು ಬಂತು, ಆಮೇಲೆ ಹುಚ್ಚು ಹತ್ತಿತು. ಶುಕ್ರವಾರದ ಸಂಜೆಗಳಲ್ಲಿ ಅವರು ಗಂಟೆಗಟ್ಟಲೆ ಮಾತಾಡಿದರು. ಮನೆಯಲ್ಲಿ ಅವನನ್ನು 'ರೀ, ನೀವು' ಎನ್ನುತ್ತಿದ್ದವಳು ಆಟದಲ್ಲಿ 'ನೀನು' ಎನ್ನತೊಡಗಿದಳು. 'ರೀ, ಸ್ವಲ್ಪ ಹಿಂದಕ್ಕೆ ಬನ್ನಿ' ಎಂದು ಮುಗಿಸುವಷ್ಟರಲ್ಲಿ ಗಂಡ ಸತ್ತಿರುತ್ತಿದ್ದ.

ಹೀಗೆ ಕೋಟೆ ದಾಟಿ, ಕಾಡು ದಾಟಿ, ಬೇರಜ್ಜನ ಮುಂದೆ ಬಂದು ನಿಂತರು.

ಬೇರಜ್ಜನೆಂದರೆ ಆಟದ ನಡುವೆ ದಾರಿ ಕಟ್ಟಿ ನಿಂತ ದೈತ್ಯ. ಅರ್ಧ ಮನುಷ್ಯ, ಅರ್ಧ ಮರ. ಗಡ್ಡದ ಬದಲು ಜೋತಾಡುವ ಬೇರುಗಳು, ಬೆನ್ನ ಹಿಂದೆ ಒಂದು ಕಲ್ಲಿನ ಬಾಗಿಲು. ಬರೀ ಕತ್ತಿಯ ಏಟು ಅವನಿಗೆ ಸೊಳ್ಳೆ ಕಚ್ಚಿದ ಹಾಗೆ. ಆದರೆ ಎರಡು ದೌರ್ಬಲ್ಯಗಳಿವೆ. ಬೆಂಕಿ ತಗುಲುತ್ತಾ ಹೋದರೆ ಒಂದು ಹಂತದಲ್ಲಿ ಹೊತ್ತಿಕೊಂಡು ಉರಿಯುತ್ತಾನೆ. ಮಂಜು ತಗುಲುತ್ತಾ ಹೋದರೆ ಹೆಪ್ಪುಗಟ್ಟಿ ಮೊಣಕಾಲೂರುತ್ತಾನೆ, ಎದೆಯ ಪೊಟರೆ ತೆರೆದುಕೊಳ್ಳುತ್ತದೆ. ಗಂಡನ ಬಳಿ ಬೆಂಕಿಯ ಕತ್ತಿಯಿತ್ತು. ಅವಳ ಬಳಿ ಮಂಜಿನ ಈಟಿಯಿತ್ತು. ಕೆಲಸ ಮುಗಿಸಿ ಬಂದ ಸಂಜೆಗಳಲ್ಲಿ ಹೆಪ್ಪುಗಟ್ಟಿದ ಕೆರೆಯೊಂದರಲ್ಲಿ ಚೂರು ಚೂರು ಹೆಕ್ಕಿ ಅವಳೇ ಮಾಡಿಕೊಂಡದ್ದು.

ಎರಡೂ ಸರಿ. ಒಟ್ಟಿಗೆ ಮಾತ್ರ ತಪ್ಪು. ಅವಳು ಹತ್ತು ಏಟು ಹಾಕಿ ತಣ್ಣಗಾಗಿಸಿದವನನ್ನು ಅವನ ಒಂದು ಏಟು ಕರಗಿಸುತ್ತಿತ್ತು. ಅವನು ಹಚ್ಚಿದ ಕಿಡಿಯನ್ನು ಅವಳ ಈಟಿ ಆರಿಸುತ್ತಿತ್ತು. ಮೇಲಾಗಿ ಹೊಡೆಯುವವರು ಇಬ್ಬರಾದರೆ ಬೇರಜ್ಜನ ಆಯುಸ್ಸೂ ಜಾಸ್ತಿ. ಆಟ ಮಾಡಿದವರು ಹಾಗೇ ಮಾಡಿದ್ದಾರೆ. ಹಿಂದಿನ ಶುಕ್ರವಾರಗಳೆಲ್ಲಾ ಹೀಗೇ ಬೂದಿಯಾಗಿದ್ದವು.

ಅವಳ ಅತ್ತೆ ಮಂಚದ ಮೇಲೆ ಕೂತು ಇದನ್ನೆಲ್ಲಾ ಧಾರಾವಾಹಿ ನೋಡಿದ ಹಾಗೆ ನೋಡುತ್ತಿದ್ದರು. ಒಂದು ದಿನ ಹೇಳಿಯೂ ಬಿಟ್ಟರು: "ಒಬ್ಬರು ಒಲೆ ಹಚ್ಚೋದು, ಇನ್ನೊಬ್ಬರು ನೀರು ಸುರಿಯೋದು. ಹೀಗಾದ್ರೆ ಆ ಗಡ್ಡದವನು ನೂರು ವರ್ಷ ಬಾಳ್ತಾನೆ ಬಿಡು."

ಆ ಮನೆಗೆ ಇರುವುದು ಒಂದು ಕೋಣೆ, ಒಂದು ಅಡುಗೆಮನೆ. ಅತ್ತೆಯ ಮಂಚ, ಅವಳ ಹಾಸಿಗೆ, ಟಿವಿ ಎಲ್ಲಾ ಆ ಒಂದೇ ಕೋಣೆಯಲ್ಲಿ. ವರ್ಷದ ಕೊನೆಗೆ ಬಂದರಿನ ಕರಾರು ಮುಗಿಯುತ್ತದೆ, ವಾಪಸು ಬಂದು ದೊಡ್ಡ ಮನೆ ಮಾಡೋಣ ಎಂದು ಗಂಡ ಹೇಳಿದ್ದ. ಅವಳು ಹುಡುಕಿಯೂ ಇಟ್ಟಿದ್ದಳು: ಎರಡು ಬೀದಿ ಆಚೆ, ಮಹಡಿಯ ಮೇಲೆ, ಎರಡು ಕೋಣೆ, ಬೆಳಗಿನ ಬಿಸಿಲು ಬೀಳುವ ಅಡುಗೆಮನೆ. ಮನೆಯೊಡತಿ ತಿಂಗಳ ಕೊನೆಯವರೆಗೆ ಯಾರಿಗೂ ಕೊಡುವುದಿಲ್ಲ ಎಂದು ಮಾತು ಕೊಟ್ಟಿದ್ದರು. ಫೋಟೋಗಳನ್ನು ಗಂಡನಿಗೆ ಕಳಿಸಿದ್ದಳು. ಅವನು ಹೆಬ್ಬೆಟ್ಟಿನ ಚಿತ್ರ ಒತ್ತಿದ್ದ.

ಆ ಶುಕ್ರವಾರ ಆಟ ಚೆನ್ನಾಗಿಯೇ ಶುರುವಾಯಿತು.

"ಎಡಕ್ಕೆ, ಎಡಕ್ಕೆ! ಬೇರು ಏಳ್ತಿದೆ!" ಕಿವಿಯಲ್ಲಿ ಗಂಡನ ದನಿ.

"ಕಾಣ್ತಿದೆ. ನಿನ್ನ ಕತ್ತಿ ಒಂಚೂರು ಕೆಳಗಿಡು. ಇನ್ನೆರಡು ಏಟಿಗೆ ಹೆಪ್ಪುಗಟ್ತಾನೆ."

"ಕತ್ತಿ ಕೆಳಗಿಟ್ಟು ನಾನೇನು ಭಜನೆ ಮಾಡ್ಲಾ? ಬೆಂಕಿಗೇ ಅವನು ಸೋಲೋದು. ವಿಡಿಯೋದಲ್ಲಿ ನೋಡಿದೀನಿ."

"ಮಂಜಿಗೂ ಸೋಲ್ತಾನೆ. ಕಣ್ಣಾರೆ ನೋಡ್ತಾ ಇದೀನಿ."

ಅಷ್ಟರಲ್ಲಿ ಅವನ ಕತ್ತಿ ಬೀಸಿತು, ಬೇರಜ್ಜನ ಮೈಮೇಲಿನ ಬಿಳುಪು ಕರಗಿ ಹರಿಯಿತು. ಅವಳು ಹಲ್ಲು ಕಚ್ಚಿ ಮತ್ತೆ ಮೊದಲಿನಿಂದ ಶುರು ಮಾಡಿದಳು. ಅವನು ಅದೇ ಉಸಿರಿನಲ್ಲಿ, ಅಂಗಡಿಯಿಂದ ಸೋಪು ತಂದೆ ಎನ್ನುವ ಹಾಗೆ ಹೇಳಿದ:

"ಅಂದ ಹಾಗೆ, ಹೇಳೋದೇ ಮರ್ತೆ. ಇನ್ನೂ ಮೂರು ವರ್ಷ ಇರ್ತೀಯಾ ಅಂತ ಬಂದರಿನವರು ಕೇಳಿದ್ರು. ಸಹಿ ಹಾಕಿಬಿಟ್ಟೆ."

"ಯಾವಾಗ?"

"ಹೋದ ವಾರಾನೋ ಏನೋ. ಬಲಕ್ಕೆ ಬಾ, ಬಲಕ್ಕೆ!"

"ಮತ್ತೆ ಮನೆ?"

"ಯಾವ ಮನೆ?"

ಅವಳ ಬೆರಳುಗಳು ಗುಂಡಿಗಳ ಮೇಲೆ ಹಾಗೇ ಓಡುತ್ತಿದ್ದವು. ಅವಳು ಬಲಕ್ಕೆ ಹೋಗಲಿಲ್ಲ. ನೆಲ ಸೀಳಿ ಎದ್ದ ಬೇರೊಂದು ಗಂಡನ ಯೋಧನನ್ನು ಎತ್ತಿ ಬಂಡೆಗೆ ಬಡಿಯಿತು. ಬಿದ್ದವನು ಕೂಡಲೇ ಸಾಯುವುದಿಲ್ಲ. ಜೊತೆಗಾರ ಹತ್ತಿರ ಹೋಗಿ ಕೈ ಚಾಚಿದರೆ ಎದ್ದು ನಿಲ್ಲುತ್ತಾನೆ.

"ಎಬ್ಬಿಸು! ಏನು ನೋಡ್ತಾ ನಿಂತಿದೀಯ? ಬಂದು ಎಬ್ಬಿಸು!"

ಅವಳು ನಾಲ್ಕು ಹೆಜ್ಜೆ ಆಚೆ ಈಟಿ ಹಿಡಿದು ನಿಂತಿದ್ದಳು.

"ಅವನು ಬಿದ್ದಿದಾನೆ ಕಣೇ," ಎಂದರು ಮಂಚದಿಂದ ಅತ್ತೆ. "ಎತ್ತಲ್ವಾ?"

"ಬಿದ್ದಿರ್ಲಿ ಅತ್ತೆ."

ಗಂಡನ ಯೋಧ ಮಂಕಾಗಿ ಮಾಯವಾದ. ಮರುಕ್ಷಣ ಬೇರಜ್ಜ ಅವಳನ್ನೂ ತುಳಿದ. ಫೋನ್ ಬಡಿದುಕೊಂಡಿತು.

"ಸಿಟ್ಟು ಆಟದಲ್ಲಾ ತೋರಿಸೋದು?"

"ಸುದ್ದಿ ಆಟದಲ್ಲಾ ಹೇಳೋದು?"

ಅವನು ರಾಜಿಯ ದನಿ ತೆಗೆದ. "ನೋಡು, ಎಲ್ಲಾ ನಮ್ಮ ಒಳ್ಳೇದಕ್ಕೇ. ಈಗ ಒಂದು ಕೆಲಸ ಮಾಡು. ಮುಂದಿನ ವಾರ ಆ ಈಟಿ ಬಿಟ್ಟು ನೀನೂ ಬೆಂಕೀದೇ ತಗೋ. ಇಬ್ಬರೂ ಸೇರಿ ಸುಟ್ಟುಬಿಡೋಣ."

ಅವಳು ಫೋನಿಟ್ಟಳು. ಆಟ ಕಲಿಯುವಾಗ ಅವಳು ಮೊದಲು ಹಿಡಿದದ್ದು ಕತ್ತಿ. ಗಂಡ ಕತ್ತಿ ತನಗೆ ಬೇಕೆಂದ, ಬಿಲ್ಲಿಗೆ ಬಂದಳು. ಬಿಲ್ಲಿನವರು ದೂರ ನಿಲ್ಲುತ್ತಾರೆ, ಸಹಾಯವಾಗುವುದಿಲ್ಲವೆಂದ, ಈಟಿಗೆ ಬಂದಳು. ಆಟದ ಹೊರಗೆ ಆದದ್ದೂ ಇದೇ. ಮದುವೆಯಾದ ಮೇಲೆ ಊರು ಬಿಟ್ಟಳು. ಅತ್ತೆಯನ್ನು ಸಂಜೆ ಒಬ್ಬರನ್ನೇ ಬಿಡಬಾರದೆಂದು, ಆಸೆಪಟ್ಟು ಕೇಳಿದ್ದ ಥಿಯೇಟರಿನ ಕೆಲಸ ಬಿಟ್ಟು ನೆಲಮಾಳಿಗೆಗೆ ಇಳಿದಳು. ಒಮ್ಮೆಯೂ ಅವನು ಬಲವಂತ ಮಾಡಿದವನಲ್ಲ. ಕೇಳಿದವನೂ ಅಲ್ಲ. ತನ್ನ ಪಾಡಿಗೆ ತಾನು ಹೊರಟು ಬಿಡುತ್ತಿದ್ದ, ಹೊಂದಿಕೊಳ್ಳುವುದು ಇವಳ ಪಾಲಿಗೆ ಉಳಿಯುತ್ತಿತ್ತು.

ಮಾರನೆಯ ದಿನ ಕೋಣೆಯಲ್ಲಿ ದೊಡ್ಡಕ್ಕ ವಿಷಯ ಕೇಳಿ ಬಟ್ಟೆ ಮಡಿಸುವುದನ್ನೇ ನಿಲ್ಲಿಸಿದಳು.

"ಮೂರು ವರ್ಷಾನಾ? ಅವನ ತಾಯಿಯನ್ನ ನಿನ್ನ ತಲೆಗೆ ಕಟ್ಟಿ?"

"ಅತ್ತೆಯಿಂದ ನಂಗೇನೂ ತೊಂದರೆ ಇಲ್ಲ. ಕೇಳಬೇಕಿತ್ತು ದೊಡ್ಡಕ್ಕಾ. ನಾನು ಬೇಡ ಅಂತಿದ್ನೋ ಹೂಂ ಅಂತಿದ್ನೋ, ಅದು ಆಮೇಲಿನ ಮಾತು. ಕೇಳ್ಬೇಕಿತ್ತು."

ಉಗಿ ಯಂತ್ರದ ಬಾಗಿಲನ್ನು ಅವಳು ಎಷ್ಟು ಜೋರಾಗಿ ಬಡಿದಳೆಂದರೆ ಕಾರಿಡಾರಿನಲ್ಲಿ ಹೋಗುತ್ತಿದ್ದ ಕಾವಲುಗಾರ ಇಣುಕಿ ನೋಡಿ ಹೋದ.

ಮಂಗಳವಾರ ಸಂಜೆ ಅವಳು ಒಬ್ಬಳೇ ಟಿವಿ ಹಾಕಿದಳು. ಹೆಡ್‌ಫೋನ್ ಹಾಕಿಕೊಳ್ಳಲಿಲ್ಲ. ಒಂದು ವಿಷಯ ಅವಳಿಗೆ ಗೊತ್ತಿತ್ತು, ಗಂಡನಿಗೂ ಗೊತ್ತಿತ್ತು: ಬೇರಜ್ಜನನ್ನು ಕೊಂದು ಕಲ್ಲಿನ ಬಾಗಿಲು ದಾಟಿದವರು ಈಚೆಗೆ ಬರುವಂತಿಲ್ಲ. ಹಿಂದೆ ಉಳಿದವರು ತಾವೂ ಅವನನ್ನು ಕೊಂದ ಮೇಲಷ್ಟೇ ಆಚೆ ಜೊತೆಯಾಗಬಹುದು. ಅದಕ್ಕೇ ಅವಳು ಇಷ್ಟು ದಿನ ಒಬ್ಬಳೇ ಪ್ರಯತ್ನಿಸಿರಲಿಲ್ಲ.

"ಇವತ್ತು ಶುಕ್ರವಾರ ಅಲ್ವಲ್ಲೇ," ಎಂದರು ಅತ್ತೆ.

"ಅಲ್ಲ."

ಮೊದಲ ಸಲ ತುಳಿಸಿಕೊಂಡಳು. ಎರಡನೆಯ ಸಲ ಅವನ ಬೇರು ಏಳುವ ಲಯ ಕೈಗೆ ಹತ್ತಿತು. ಏಟು, ಉರುಳು, ಏಟು. ಬಿಳುಪು ಪಾದದಿಂದ ಸೊಂಟಕ್ಕೆ, ಸೊಂಟದಿಂದ ಗಡ್ಡಕ್ಕೆ ಏರಿತು. ಕರಗಿಸಲು ಯಾರೂ ಇರಲಿಲ್ಲ. ಬೇರಜ್ಜ ಕಟಕಟ ಸದ್ದು ಮಾಡುತ್ತಾ ಮೊಣಕಾಲೂರಿದ, ಎದೆಯ ಪೊಟರೆ ಬಾಯಿ ಬಿಟ್ಟಿತು. ಅವಳು ಈಟಿಯನ್ನು ಅದರೊಳಗೆ ಮತ್ತೆ ಮತ್ತೆ ಇಳಿಸಿದಳು. ಎದ್ದ. ಇನ್ನೊಮ್ಮೆ ಹೆಪ್ಪುಗಟ್ಟಿಸಿದಳು. ಮೂರನೆಯ ಸಲ ಬಗ್ಗಿದವನು ಏಳಲಿಲ್ಲ.

"ಸತ್ನಾ?" ಅತ್ತೆ ಮಂಚದಿಂದ ಕಾಲು ಕೆಳಗಿಟ್ಟಿದ್ದರು.

"ಸತ್ತ."

ಖುಷಿಯಾಗುತ್ತದೆಂದು ಅವಳು ಅಂದುಕೊಂಡಿದ್ದಳು. ಬಂದದ್ದು ಮತ್ತಷ್ಟು ಸಿಟ್ಟು. ಇಷ್ಟೇನಾ? ಇಷ್ಟು ಸುಲಭದ ಕೆಲಸಕ್ಕೆ ಇಷ್ಟು ಶುಕ್ರವಾರ ಬೈಸಿಕೊಂಡು, ಕಾದು, ಮೊದಲಿನಿಂದ ಶುರು ಮಾಡಿದ್ದಾ? ಅವಳು ಕಲ್ಲಿನ ಬಾಗಿಲ ಮುಂದೆ ಒಂದು ಕ್ಷಣ ನಿಂತಳು. ಆಮೇಲೆ ತಳ್ಳಿಕೊಂಡು ಒಳಗೆ ಹೋದಳು.

ಅತ್ತೆ ಕಾಲುಗಳನ್ನು ಮತ್ತೆ ಮಂಚದ ಮೇಲೆ ಎತ್ತಿಕೊಂಡರು. "ಆ ಮಹಡಿ ಮನೆಗೆ ಮೆಟ್ಟಿಲು ತುಂಬಾ ಇದಾವಾ?" ಎಂದು ಕೇಳಿದರು.

"ಇದಾವೆ. ಆದ್ರೆ ಹಿಡಿದುಕೊಳ್ಳೋಕೆ ಕಂಬಿ ಇದೆ."

"ಕಂಬಿ ಇದ್ರೆ ಹತ್ತಬಹುದು. ಅವನು ಬರೋವರೆಗೂ ಕಾಯ್ತಾ ಕೂತ್ರೆ ನಂಗೆ ಕಂಬಿ ಹಿಡಿಯೋಕೂ ಆಗಲ್ಲ."

ಶುಕ್ರವಾರ ಗಂಡ ಎಂದಿನಂತೆ ಆಟಕ್ಕೆ ಬಂದ. ಅವನ ಪರದೆಯ ಮೇಲೆ, ನಿಮ್ಮ ಜೊತೆಗಾರರು ಮುಂದಿನ ನಾಡಿನಲ್ಲಿದ್ದಾರೆ ಎಂದು ಬರೆದು ಬಂತು. ಕೂಡಲೇ ಫೋನ್ ಮಾಡಿದ.

"ಏನಿದು? ನನ್ನ ಬಿಟ್ಟು ಹೋದ್ಯಾ? ಒಂದು ಮಾತು ಹೇಳೋದಲ್ವಾ?"

"ಹೇಳೋದೇ ಮರ್ತೆ," ಎಂದಳು ಅವಳು. "ನಿಮ್ಮ ಬೆಂಕೀಲೇ ಹೊಡೀರಿ. ಒಬ್ಬರೇ ಹೊಡೆದ್ರೆ ಸಾಯ್ತಾನೆ."

ಆಟದ ಹೊತ್ತಿನಲ್ಲಿ ಅವಳು ಅವನಿಗೆ ನೀವು ಎಂದದ್ದು ಬಹಳ ಕಾಲದ ಮೇಲೆ. ಅವನು ಅದಕ್ಕೇ ಹೆಚ್ಚು ಗಾಬರಿಯಾದಂತಿತ್ತು. ರಜೆ ಹಾಕಿ ಬರುತ್ತೇನೆಂದ, ಕೂತು ಮಾತಾಡೋಣವೆಂದ. ಬಂದರೆ ಮಾತಾಡಬಹುದು ಎಂದಳು. ಮಹಡಿ ಮನೆಯ ಹೊಸ ವಿಳಾಸವನ್ನೂ ಹೇಳಿದಳು, ನಿಧಾನಕ್ಕೆ, ಬರೆದುಕೊಳ್ಳುವ ಹಾಗೆ.

ಸಾಮಾನು ಸಾಗಿಸುವ ಗಾಡಿ ಭಾನುವಾರ ಬೆಳಿಗ್ಗೆ ಬರುತ್ತದೆ. ಅತ್ತೆಯ ಮಂಚ ಬಿಸಿಲಿನ ಕಡೆಯ ಕೋಣೆಗೆ, ಅವಳದು ಇನ್ನೊಂದಕ್ಕೆ. ಬಾಡಿಗೆ ಕರಾರಿನಲ್ಲಿ ಅವಳೊಬ್ಬಳದೇ ಹೆಸರಿದೆ.